ಐದು ಮೀಟರ್ ನೀರು, ಎಪ್ಪತ್ತೈದು ಸಾವಿರ ಎಕರೆ

ಆಲಮಟ್ಟಿ ಜಲಾಶಯದ ನೀರು ಈಗ ನಿಲ್ಲುವುದು ಸಮುದ್ರಮಟ್ಟದಿಂದ 519.60 ಮೀಟರ್ ಎತ್ತರಕ್ಕೆ. ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೇ ಹಂತದಲ್ಲಿ ಅದು 524.256ಕ್ಕೆ ಏರಬೇಕು. ಬಾಗಲಕೋಟೆ ಕಡೆಯ ಚಹಾದಂಗಡಿಗಳಲ್ಲಿ ಈ ಎರಡು ಅಂಕಿ ಬಾಯಿಪಾಠ. ಐದು ಮೀಟರೂ ಇಲ್ಲದ ಈ ಏರಿಕೆಗೆ 75 ಸಾವಿರ ಎಕರೆಗೂ ಹೆಚ್ಚು ಭೂಮಿ ಮುಳುಗುತ್ತದೆ ಎಂದರೆ ಹೊರಗಿನವರು ಮಾತ್ರ ಹುಬ್ಬೇರಿಸುತ್ತಾರೆ.

ಇದರಲ್ಲಿ ಒಗಟೇನೂ ಇಲ್ಲ. ಇಲ್ಲಿ ನದಿ ಆಳದ ಕಣಿವೆಯಲ್ಲಿ ಹರಿಯುವುದಿಲ್ಲ. ನೆಲ ತಾಟಿನ ಹಾಗೆ ಅಗಲಕ್ಕೆ ಹರಡಿದೆ. ಸಾವಿರ ಅಡಿ ನಡೆದರೆ ಒಂದಡಿ ಏರುವಂಥ ನೆಲದಲ್ಲಿ ನೀರು ಒಂದು ಮೀಟರ್ ಏರಿದರೆ ಒಂದು ಕಿಲೋಮೀಟರ್ ಒಳಗೆ ಬರುತ್ತದೆ. ಒಂದು ಟಿಎಂಸಿ ನೀರನ್ನು ಒಂದು ಮೀಟರ್ ಆಳಕ್ಕೆ ನಿಲ್ಲಿಸಲು 28 ಚದರ ಕಿಲೋಮೀಟರ್ ಜಾಗ ಬೇಕು. ಜಲಾಶಯದ ಮೇಲಿನ ಪದರಕ್ಕೇ ಹೆಚ್ಚು ಭೂಮಿ ಹೋಗುವುದು ಇದರಿಂದ.

ಹಿನ್ನೀರು ಮಟ್ಟಸವಾಗಿ ನಿಲ್ಲುವುದೂ ಇಲ್ಲ. ಮಳೆಗಾಲದಲ್ಲಿ ಘಟಪ್ರಭೆ ರಭಸದಿಂದ ಬಂದು ನಿಂತ ನೀರಿಗೆ ತಾಗಿದಾಗ ವೇಗ ಕಳೆದುಕೊಂಡು ಹಿಂದಕ್ಕೆ ಒತ್ತಿಕೊಳ್ಳುತ್ತದೆ, ಹೊತ್ತು ತಂದ ಹೂಳನ್ನು ಅಲ್ಲೇ ಇಳಿಸುತ್ತದೆ. ವರ್ಷ ವರ್ಷ ತಳ ಏರಿದಂತೆ ಅದೇ ಪ್ರವಾಹ ಇನ್ನಷ್ಟು ಎತ್ತರಕ್ಕೆ ಬರುತ್ತದೆ. ಕೃಷ್ಣೆಯ ದಡದಲ್ಲಿಲ್ಲದ, ಘಟಪ್ರಭೆಯ ದಡದ ಹಳೆ ಬಾಗಲಕೋಟೆಯೂ ಹೀಗೆ ಮುಳುಗಡೆಯ ಲೆಕ್ಕಕ್ಕೆ ಸೇರಿತು. ಊರು ಓಣಿ ಓಣಿಯಾಗಿ, ಹೊಸದಾಗಿ ಕಟ್ಟಿದ ನವನಗರದ ಸೆಕ್ಟರುಗಳಿಗೆ ಹೋಯಿತು. 1964ರ ಮೇ 22ರಂದು ಲಾಲ್ ಬಹದ್ದೂರ್ ಶಾಸ್ತ್ರಿ ಅಡಿಗಲ್ಲು ಇಟ್ಟ ಯೋಜನೆಯ ಕತೆ ಆಮೇಲೆ ಕೋರ್ಟಿಗೂ ಹೋಯಿತು. 2000ದಲ್ಲಿ ಸುಪ್ರೀಂ ಕೋರ್ಟು 519.60ಕ್ಕೆ ತಡೆ ಹಾಕಿತು, 2010ರಲ್ಲಿ ಕೃಷ್ಣಾ ಜಲವಿವಾದ ನ್ಯಾಯಮಂಡಳಿ 524.256ಕ್ಕೆ ಒಪ್ಪಿಗೆ ಕೊಟ್ಟಿತು. ಒಂದು ತಲೆಮಾರು ಮನೆಗೆ ಸುಣ್ಣ ಬಳಿಯಬೇಕೋ ಬೇಡವೋ ಎಂದು ಯೋಚಿಸುತ್ತಲೇ ಬದುಕಿತು.

ಒಂದು ಜಾಗ ಹೋದರೆ ಇನ್ನೊಂದು ಜಾಗ ಕೊಟ್ಟರಾಯಿತು ಎನ್ನುವ ಲೆಕ್ಕ ಎಲ್ಲಿ ತಪ್ಪುತ್ತದೆ ಎಂಬುದಕ್ಕೆ ದೂರದ ಬಿಕಿನಿ ದ್ವೀಪ ಉದಾಹರಣೆ. 1946ರಲ್ಲಿ ಅಣುಬಾಂಬ್ ಪರೀಕ್ಷೆಗಾಗಿ ಅಮೆರಿಕ ಅಲ್ಲಿನ 167 ಜನರನ್ನು ರೊಂಗೆರಿಕ್ ದ್ವೀಪಕ್ಕೆ ಸಾಗಿಸಿತು. ಅಲ್ಲಿ ಅವರಿಗೆ ಹೊಟ್ಟೆಗೆ ಸಾಲಲಿಲ್ಲ. 1948ರಲ್ಲಿ ಕಿಲಿ ದ್ವೀಪಕ್ಕೆ ಕರೆದೊಯ್ದರು. ಕಿಲಿಯಲ್ಲಿ ತೆಂಗು ಬೆಳೆಯುತ್ತಿತ್ತು, ಆದರೆ ಬಿಕಿನಿಯಲ್ಲಿದ್ದ ಹಾಗೆ ಹವಳದ ದಿಬ್ಬ ಸುತ್ತುವರಿದ ಶಾಂತ ನೀರು ಇರಲಿಲ್ಲ. ಮೀನು ಹಿಡಿದು ಬದುಕಿದ ಜನ ದೋಣಿ ಇಳಿಸಲಾರದೆ ಕೂತರು. ದ್ವೀಪಕ್ಕೆ ದ್ವೀಪವೇನೋ ಸಿಕ್ಕಿತ್ತು.

ನಮ್ಮಲ್ಲಿ ಆ ಶಾಂತ ನೀರಿನ ಸ್ಥಾನದಲ್ಲಿರುವುದು ಎರಿ ಮಣ್ಣು. ಅದರಲ್ಲಿರುವ ಮಾಂಟ್‌ಮೊರಿಲ್ಲೊನೈಟ್ ಎಂಬ ಜೇಡಿಕಣ ಪದರ ಪದರಗಳ ನಡುವೆ ನೀರು ಹಿಡಿದು ಉಬ್ಬುತ್ತದೆ, ಒಣಗಿದರೆ ಬಿರಿಯುತ್ತದೆ. ಹಿಂಗಾರಿಯಲ್ಲಿ ಬಿತ್ತಿದ ಬಿಳಿಜೋಳ ಮುಂದೆ ಹನಿ ಮಳೆ ಬೀಳದಿದ್ದರೂ ತೆನೆ ಕಟ್ಟುವುದು ಹೀಗೆ ಹಿಡಿದಿಟ್ಟ ತೇವದಿಂದ. ಮುಳುಗುವುದು ನದಿ ದಂಡೆಯ ಇಂಥ ನೆಲ. ಊರನ್ನು ಮತ್ತೆ ಕಟ್ಟಲು ಸಿಗುವುದು ನೀರು ಮುಟ್ಟದ ಎತ್ತರ, ಎಂದರೆ ಹೆಚ್ಚಾಗಿ ಮಸಾರಿ ಅಥವಾ ಗರಸಿನ ಮರಡಿ. ಮನೆ ಕಟ್ಟಲು ಗರಸು ಒಳ್ಳೆಯದೇ, ಗೋಡೆ ಬಿರುಕು ಬಿಡುವುದಿಲ್ಲ. ಜೋಳಕ್ಕೆ ಅಲ್ಲಿ ತೇವ ನಿಲ್ಲುವುದಿಲ್ಲ.

ಗೆರೆಯ ಆಚೆ ಉಳಿದವರೂ ಪಾರಾದರೆನ್ನುವಂತಿಲ್ಲ. ಹಿನ್ನೀರಿನಿಂದಲೂ ಕಾಲುವೆಯಿಂದಲೂ ಅಂತರ್ಜಲ ಮೇಲೆ ಬಂದರೆ, ಬತ್ತಿಯಲ್ಲಿ ಎಣ್ಣೆ ಏರುವ ಅದೇ ತತ್ವದಿಂದ ನೀರು ಮಣ್ಣಿನ ಸಣ್ಣ ರಂಧ್ರಗಳಲ್ಲಿ ಹತ್ತಿ ಆವಿಯಾಗುತ್ತದೆ. ಉಪ್ಪು ಹಿಂದುಳಿದು ಹೊಲ ಬೆಳ್ಳಗಾಗುತ್ತದೆ. ರೈತರು ಇದನ್ನೇ ಸವಳು-ಜವಳು ಎನ್ನುವುದು.

ವಿಶ್ವಬ್ಯಾಂಕಿನಲ್ಲಿದ್ದ ಸಮಾಜಶಾಸ್ತ್ರಜ್ಞ ಮೈಕೇಲ್ ಸೆರ್ನಿಯಾ 1990ರ ದಶಕದಲ್ಲಿ ಸ್ಥಳಾಂತರದ ಅಪಾಯಗಳನ್ನು ಎಂಟಾಗಿ ಗುರುತಿಸಿದರು. ಭೂಮಿ, ಕೆಲಸ, ಮನೆ ಹೋಗುವುದಷ್ಟೇ ಅಲ್ಲ. ಅಂತಸ್ತು ಇಳಿಯುವುದು, ಅನ್ನದ ಅಭದ್ರತೆ, ಕಾಯಿಲೆ, ಗೋಮಾಳ-ಹಳ್ಳದಂಥ ಎಲ್ಲರ ಆಸ್ತಿ ಕೈತಪ್ಪುವುದು, ನೆರೆಹೊರೆ ಚದುರುವುದೂ ಅದರಲ್ಲಿವೆ. ಅದೇ ದಶಕದಲ್ಲಿ, ಪುನರ್ವಸತಿ ಸರಿಯಿಲ್ಲವೆಂದು ಇದೇ ಕೃಷ್ಣಾ ಮೇಲ್ದಂಡೆಯ ಸಾಲವನ್ನು ವಿಶ್ವಬ್ಯಾಂಕ್ ತಡೆಹಿಡಿದಿತ್ತು.

ಎಂಟರಲ್ಲಿ ಕೊನೆಯದನ್ನು ಅಳೆಯುವುದು ಕಷ್ಟ. ಅದನ್ನು ನೋಡಬೇಕೆಂದರೆ ಮುಳುಗಡೆಗೆ ಸೇರದ ಗುಳೇದಗುಡ್ಡಕ್ಕೆ ಹೋಗಬೇಕು. ಖಣ ನೇಯುವ ಕುಣಿಮಗ್ಗದಲ್ಲಿ ನೇಕಾರ ನೆಲದ ಅಂಚಿಗೆ ಕೂತು ಕಾಲನ್ನು ಕುಣಿಯೊಳಗೆ ಇಳಿಬಿಟ್ಟಿರುತ್ತಾನೆ. ಹತ್ತಿಯ ನೂಲು ಒಣ ಗಾಳಿಗೆ ಪಟಕ್ಕನೆ ಹರಿಯುತ್ತದೆ, ತೇವವಿದ್ದರೆ ಗಟ್ಟಿ. ನೆಲದ ತಂಪು ಹಾಸಿನ ಎಳೆಗಳನ್ನು ಕಾಯುತ್ತದೆ. ಕಟ್ಟಿಗೆಯ ಚೌಕಟ್ಟನ್ನು ಬಿಚ್ಚಿ ಟ್ರ್ಯಾಕ್ಟರಿಗೆ ಏರಿಸಬಹುದು, ಕುಣಿಯನ್ನು ಏರಿಸಲಾಗದು. ಬಣ್ಣ ಹಾಕುವವರು, ಹಾಸು ಹೂಡುವವರು, ಕಂಡಿಕೆ ಸುತ್ತುವ ಪಕ್ಕದ ಮನೆಯ ಅಜ್ಜಿ, ನೂಲು ಕೊಟ್ಟು ಬಟ್ಟೆ ಒಯ್ಯುವ ಸಾಹುಕಾರ, ಇವರೆಲ್ಲ ನಡೆದು ಹೋಗುವಷ್ಟು ಹತ್ತಿರ ಇದ್ದರಷ್ಟೇ ಒಂದು ಮಗ್ಗ ಓಡುತ್ತದೆ. ಇಂಥ ಓಣಿಯ ನೂರು ಮನೆಗೆ ಐದು ಸೆಕ್ಟರುಗಳಲ್ಲಿ ನಿವೇಶನ ಹಂಚಿದರೆ ಎಲ್ಲರಿಗೂ ಮನೆ ಸಿಕ್ಕಂತೆ ದಾಖಲೆ ಹೇಳುತ್ತದೆ.

ದಾಖಲೆಯ ಮನೆಗೂ ಬದುಕುವ ಮನೆಗೂ ಇರುವ ಈ ಅಂತರ ಮಲಪ್ರಭೆಯ ದಂಡೆಯಲ್ಲಿ ಕಣ್ಣಿಗೇ ಕಾಣುತ್ತದೆ. 2009ರ ಪ್ರವಾಹದ ನಂತರ ಬಾದಾಮಿ, ಹುನಗುಂದ ಕಡೆ ಕಟ್ಟಿದ ‘ಆಸರೆ’ ಯೋಜನೆಯ ಮನೆಗಳಲ್ಲಿ ಎಷ್ಟೋ ಖಾಲಿ ಉಳಿದವು. ಹೊಲ ದೂರ, ಎಮ್ಮೆ ಕಟ್ಟಲು ಜಾಗವಿಲ್ಲ. ಜನ ಹಳೆ ಊರಲ್ಲೇ ಇದ್ದರು, 2019ರಲ್ಲಿ ಮತ್ತೆ ನೀರು ಬಂತು. ಅವರದು ಹಟ ಎಂದು ಬೈಯುವವರುಂಟು. ದಿನಾ ಎರಡು ಹೊತ್ತು ಮೇವು ಹೊರಬೇಕಾದವರ ಲೆಕ್ಕ ಬೇರೆ.

2025ರ ಸೆಪ್ಟೆಂಬರಿನಲ್ಲಿ ರಾಜ್ಯ ಸರ್ಕಾರ ಮೂರನೇ ಹಂತದಲ್ಲಿ ಮುಳುಗುವ ಭೂಮಿಗೆ ಪರಿಹಾರದ ದರ ಗೊತ್ತುಮಾಡಿತು: ನೀರಾವರಿ ಎಕರೆಗೆ 40 ಲಕ್ಷ, ಒಣಬೇಸಾಯಕ್ಕೆ 30 ಲಕ್ಷ ರೂಪಾಯಿ. ಮೊತ್ತ ಸಣ್ಣದಲ್ಲ. ಆದರೆ ಅದು ಉತಾರದಲ್ಲಿ ಹೆಸರಿದ್ದವರಿಗೆ. ಪಾಲಿಗೆ ಮಾಡಿದವರು, ಕೂಲಿಗೆ ಹೋದವರು, ಬಾಡಿಗೆ ಮನೆಯಲ್ಲಿ ಮಗ್ಗ ಹೂಡಿದವರು ಬೇರೆ ದಾರಿ ನೋಡಬೇಕು. ಉತಾರವಿದ್ದವರಿಗೂ ಒಂದು ತೊಡಕಿದೆ. ಸಾವಿರಾರು ಮಂದಿ ಒಂದೇ ಹಂಗಾಮಿನಲ್ಲಿ ದುಡ್ಡು ಹಿಡಿದು ಹತ್ತಿರದ ಎರಿ ಹೊಲ ಹುಡುಕಿದರೆ ಮಾರುವವನು ದರ ಏರಿಸದೆ ಬಿಡುವುದಿಲ್ಲ. ದುಡ್ಡು ಕಂತಿನಲ್ಲಿ ಬಂದರೆ ಇನ್ನೂ ಕಷ್ಟ, ಎರಡನೇ ಕಂತು ಕೈಸೇರುವ ಹೊತ್ತಿಗೆ ಮೊದಲ ಕಂತಿನವರೇ ಆ ಹೊಲದ ಬೆಲೆ ಏರಿಸಿರುತ್ತಾರೆ.