ಮುಖ ನೋಡಿ ಮಣೆ ಹಾಕುವ ಊರಲ್ಲಿ ಕಂಠ ಗೆದ್ದ ಕತೆ!

1934ರ ನವೆಂಬರ್ 21. ನ್ಯೂಯಾರ್ಕ್ ನಗರದ ಹಾರ್ಲೆಮ್. ಕಪ್ಪು ಜನರ ಆ ಬಡಾವಣೆಯ ಅಪೋಲೋ ಥಿಯೇಟರಿನಲ್ಲಿ ಹೊಸಬರ ಸ್ಪರ್ಧೆ. ರಂಗದ ಪಕ್ಕದಲ್ಲಿ ಹದಿನೇಳರ ಹುಡುಗಿಯೊಬ್ಬಳು ನಡುಗುತ್ತ ನಿಂತಿದ್ದಾಳೆ. ತಾಯಿ ಸತ್ತು ಎರಡು ವರ್ಷ. ಸುಧಾರಣಾ ಶಾಲೆಯಲ್ಲಿದ್ದು ಆಮೇಲೆ ಬೀದಿ ಸೇರಿದವಳು. ಮೈಮೇಲೆ ಹಳೇ ಬಟ್ಟೆ.

ಕುಣಿಯೋಣ ಅಂತ ಬಂದಿದ್ದಳು. ಆದರೆ ಅವಳಿಗಿಂತ ಮುಂಚೆ ಎಡ್ವರ್ಡ್ಸ್ ಸೋದರಿಯರು ಕುಣಿದು ಹೋದರು ನೋಡಿ... ಥಿಯೇಟರಿನಲ್ಲಿ ಚಪ್ಪಾಳೆ ನಿಲ್ಲಲಿಲ್ಲ! ಅವರಾದ ಮೇಲೆ ಕುಣಿದರೆ ನಗೆಪಾಟಲು, ಹಿಂದೆ ಸರಿದರೆ ಅವಮಾನ. ಏನು ಮಾಡುವುದು? ಹುಡುಗಿ ಹಾಡಿಬಿಟ್ಟಳು!

ಮೊದಲ ಬಹುಮಾನ ಅವಳಿಗೇ. 25 ಡಾಲರ್.

ಅವಳೇ ಎಲ್ಲಾ ಫಿಟ್ಜೆರಾಲ್ಡ್. ಕನ್ನಡದಲ್ಲಿ ಬರೆದರೆ ಹೆಸರಿನಲ್ಲೇ ‘ಎಲ್ಲಾ’ ಇದೆ. ಕಂಠದಲ್ಲೂ ಅಷ್ಟೇ, ಇಲ್ಲ ಅನ್ನುವ ಮಾತೇ ಇರಲಿಲ್ಲ. ಆದರೂ ಆ ಕಂಠದ ಪೂರ್ತಿ ಬೆಲೆ ಲೋಕಕ್ಕೆ ತಿಳಿಯಲು ಇಪ್ಪತ್ತೆರಡು ವರ್ಷ ಬೇಕಾಯಿತು. ತಿಳಿಸಿಕೊಟ್ಟದ್ದು 1956ರ ಒಂದು ಆಲ್ಬಂ. ಎರಡು ಎಲ್‌ಪಿ ಪ್ಲೇಟು, ಮೂವತ್ತೆರಡು ಹಾಡು. ಹೆಸರು, ‘ಎಲ್ಲಾ ಫಿಟ್ಜೆರಾಲ್ಡ್ ಸಿಂಗ್ಸ್ ದಿ ಕೋಲ್ ಪೋರ್ಟರ್ ಸಾಂಗ್ ಬುಕ್’.

ಬಸ್ಸಿನಲ್ಲಿ ಹಾಡಿದ ತಾರೆ

ಸ್ಪರ್ಧೆ ಗೆದ್ದ ಮರುವರ್ಷ ಅವಳನ್ನು ಚಿಕ್ ವೆಬ್ ಎಂಬ ಡ್ರಮ್ ವಾದಕನ ಬ್ಯಾಂಡಿಗೆ ಪರಿಚಯ ಮಾಡಿಸಿದರು. ಅವಳ ರೂಪ, ಉಡುಪು ನೋಡಿ ವೆಬ್ ಮೊದಲು ಹಿಂಜರಿದನಂತೆ. ವಿಚಿತ್ರ ನೋಡಿ, ಆ ವೆಬ್ ಸ್ವತಃ ಬೆನ್ನುಮೂಳೆಯ ಕ್ಷಯದಿಂದ ಗೂನಾಗಿದ್ದ ಕುಳ್ಳ ಮನುಷ್ಯ! ಆದರೆ ಹಾಡು ಕೇಳಿದ ಮೇಲೆ ಬಿಡಲಿಲ್ಲ. 1938ರಲ್ಲಿ ಮಕ್ಕಳ ಪ್ರಾಸದ ಹಾಡೊಂದನ್ನು ತಿದ್ದಿ ಹಾಡಿದ ‘ಎ ಟಿಸ್ಕೆಟ್, ಎ ಟಾಸ್ಕೆಟ್’ ಅಮೆರಿಕದ ತುಂಬ ಮೊಳಗಿತು. 1939ರಲ್ಲಿ ವೆಬ್ ತೀರಿಕೊಂಡ. ಇಪ್ಪತ್ತೆರಡರ ಎಲ್ಲಾ ಬ್ಯಾಂಡಿಗೆ ನಾಯಕಿಯಾದಳು.

ಬಸ್‌ಸ್ಟ್ಯಾಂಡಿನಲ್ಲಿ ಪತ್ರಿಕೆ ಕೊಂಡ ಮಿತ್ರರೇ, ಸಿನಿಮಾದಲ್ಲಿ ಈಕೆಯನ್ನು ಎಲ್ಲಿ ಹಾಡಿಸಿದರು ಗೊತ್ತೇ? ಬಸ್ಸಿನೊಳಗೆ! ಹಾಸ್ಯಜೋಡಿ ಅಬಟ್ ಮತ್ತು ಕಾಸ್ಟೆಲೋ ಅವರ 1942ರ ‘ರೈಡ್ ಎಮ್ ಕೌಬಾಯ್’ ಚಿತ್ರದಲ್ಲಿ ಅದೇ ಮಕ್ಕಳ ಹಾಡನ್ನು ಆಕೆ ಬಸ್ಸಿನಲ್ಲಿ ಹಾಡುತ್ತಾರೆ. ಪಾತ್ರ ಚಿಕ್ಕದು. ಮೈಕಟ್ಟು ದಪ್ಪ, ಬಣ್ಣ ಕಪ್ಪು. ಹಾಲಿವುಡ್ಡಿನ ಲೆಕ್ಕದಲ್ಲಿ ಅಷ್ಟು ಸಾಕಿತ್ತು, ನಾಯಕಿಯ ಬಾಗಿಲು ಮುಚ್ಚೋಕೆ.

ಮರ್ಲಿನ್ ಮನ್ರೋ ಮಾಡಿದ ಫೋನು

ಬಾಗಿಲು ಮುಚ್ಚಿದ್ದು ಸಿನಿಮಾದಲ್ಲಿ ಮಾತ್ರವಲ್ಲ. ಲಾಸ್ ಏಂಜಲೀಸಿನಲ್ಲಿ ಮೊಕಾಂಬೋ ಅಂತ ಒಂದು ನೈಟ್‌ಕ್ಲಬ್ ಇತ್ತು. ತಾರೆಯರು ಸೇರುವ ಜಾಗ. ಅಲ್ಲಿ ಎಲ್ಲಾಗೆ ಅವಕಾಶವಿರಲಿಲ್ಲ. ಆಗ ಮಾಲೀಕರಿಗೆ ಫೋನ್ ಮಾಡಿದವರು ಯಾರು? ಮರ್ಲಿನ್ ಮನ್ರೋ! ‘ಎಲ್ಲಾಳನ್ನು ಕರೆಸಿ, ನಾನು ದಿನಾ ಮುಂದಿನ ಮೇಜಿನಲ್ಲಿ ಕೂರುತ್ತೇನೆ’ ಎಂಬರ್ಥದ ಮಾತು ಕೊಟ್ಟಳಂತೆ. ಇದನ್ನು ಎಲ್ಲಾ ತಾವೇ ನೆನೆಸಿಕೊಂಡಿದ್ದಾರೆ. 1955ರ ಮಾರ್ಚಿನಲ್ಲಿ ಮೊಕಾಂಬೋದಲ್ಲಿ ಅವರ ಹಾಡು ನಡೆದೇ ನಡೆಯಿತು.

ಬಣ್ಣ ನೋಡಿ ಬೇಡ ಅಂದಿದ್ದರು ಎಂಬುದು ಎಲ್ಲರ ಬಾಯಲ್ಲಿರುವ ಕತೆ. ಆದರೆ ಡೊರೋತಿ ಡ್ಯಾಂಡ್ರಿಜ್, ಅರ್ಥಾ ಕಿಟ್ ಮುಂತಾದ ಕಪ್ಪು ಚೆಲುವೆಯರು ಅದಕ್ಕೂ ಮುಂಚೆ ಅಲ್ಲಿ ಹಾಡಿದ್ದುಂಟು. ಹಾಗಾದರೆ ಕೊರತೆ ಯಾವುದು? ಆ ಕಾಲದ ಭಾಷೆಯಲ್ಲಿ... ಗ್ಲಾಮರ್! ರೂಪದಿಂದಲೇ ಲೋಕ ಗೆದ್ದ ಹೆಣ್ಣು, ರೂಪವಿಲ್ಲವೆಂದು ತಳ್ಳಿಸಿಕೊಂಡ ಹೆಣ್ಣಿನ ಪರವಾಗಿ ನಿಂತಳು. ಸಿನಿಮಾದಲ್ಲಿ ತೋರಿಸಿದ್ದರೆ ನಾವು ನಂಬುತ್ತಿರಲಿಲ್ಲ ಅಲ್ವೇ?

ಹಠಮಾರಿ ಮ್ಯಾನೇಜರ್

ಇನ್ನೊಬ್ಬ ಬೆಂಬಲಿಗ ನಾರ್ಮನ್ ಗ್ರಾನ್ಜ್. ಜಾಝ್ ಕಛೇರಿಗಳ ವ್ಯವಸ್ಥಾಪಕ. ಬಿಳಿಯರಿಗೊಂದು ಕಡೆ, ಕರಿಯರಿಗೊಂದು ಕಡೆ ಸೀಟು ಹಾಕುವ ಸಭಾಂಗಣದಲ್ಲಿ ನನ್ನ ಕಛೇರಿಯೇ ಇಲ್ಲ ಎನ್ನುತ್ತಿದ್ದ ಬಿಳಿಯ. 1955ರ ಅಕ್ಟೋಬರಿನಲ್ಲಿ ಹ್ಯೂಸ್ಟನ್ ನಗರದಲ್ಲಿ ಹಾಗೇ ಜನರನ್ನು ಬೆರೆಸಿ ಕೂರಿಸಿದಾಗ ಪೊಲೀಸರು ಬಣ್ಣದ ಕೋಣೆಗೇ ನುಗ್ಗಿದರು. ಜೂಜಿನ ಆರೋಪ ಹೊರಿಸಿ ಎಲ್ಲಾ, ಗ್ರಾನ್ಜ್ ಮುಂತಾದವರನ್ನು ಠಾಣೆಗೆ ಒಯ್ದರು. ಅಲ್ಲಿ ಒಬ್ಬ ಪೊಲೀಸಪ್ಪ ಎಲ್ಲಾ ಹತ್ತಿರ ಆಟೋಗ್ರಾಫ್ ಕೇಳಿದನಂತೆ! ಬಂಧಿಸಿದ್ದೂ ಅವರೇ, ಸಹಿ ಕೇಳಿದ್ದೂ ಅವರೇ...

ಎಲ್ಲಾ ಅದುವರೆಗೆ ಡೆಕ್ಕಾ ಕಂಪೆನಿಯ ಕರಾರಿನಲ್ಲಿದ್ದರು. ಒಳ್ಳೆಯ ಹಾಡೂ ಸಿಕ್ಕಿತು, ಸಂತೆಯ ಸರಕಿನಂಥ ಹಾಡೂ ಸಿಕ್ಕಿತು. ಗ್ರಾನ್ಜ್ ಅವರನ್ನು ಬಿಡಿಸಿಕೊಂಡು ಬಂದು 1956ರ ಆರಂಭದಲ್ಲಿ ‘ವರ್ವ್’ ಎಂಬ ಹೊಸ ಕಂಪೆನಿ ತೆರೆದ. ಮೊದಲ ದೊಡ್ಡ ಸಾಹಸ, ಒಬ್ಬನೇ ರಚನಕಾರನ ಮೂವತ್ತೆರಡು ಹಾಡು. ಬಿಡಿ ಹಾಡು ಮಾರಾಟವಾಗುವ ಕಾಲದಲ್ಲಿ ಜೋಡಿ ಪ್ಲೇಟು! ಕೈ ಸುಟ್ಟುಕೊಂಡರೆ ಕಂಪೆನಿಯೂ ಹೋಗುತ್ತಿತ್ತು, ಗಾಯಕಿಯ ಹೊಸ ದಾರಿಯೂ ಹೋಗುತ್ತಿತ್ತು.

ನಾಟಕ ಹೋಯಿತು, ಹಾಡು ಉಳಿಯಿತು

ಆ ರಚನಕಾರ ಕೋಲ್ ಪೋರ್ಟರ್. 1891ರಲ್ಲಿ ಇಂಡಿಯಾನಾ ರಾಜ್ಯದ ಪೆರು ಎಂಬ ಪಟ್ಟಣದಲ್ಲಿ ಹುಟ್ಟಿದ ಶ್ರೀಮಂತ. ಸಾಹಿತ್ಯವೂ ಅವನದೇ, ರಾಗವೂ ಅವನದೇ. 1937ರಲ್ಲಿ ಕುದುರೆ ಮೇಲಿಂದ ಬಿದ್ದು ಎರಡೂ ಕಾಲು ನುಜ್ಜುಗುಜ್ಜಾದವು. ಮೂವತ್ತಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆ. ಆ ನೋವಿನ ನಡುವೆಯೇ 1948ರಲ್ಲಿ ‘ಕಿಸ್ ಮಿ, ಕೇಟ್’ ನಾಟಕ ಕೊಟ್ಟ, ಅದು 1,077 ಪ್ರಯೋಗ ಕಂಡಿತು!

ನ್ಯೂಯಾರ್ಕಿನ ಬ್ರಾಡ್‌ವೇ ಅಂದರೆ ನಮ್ಮ ಕಂಪೆನಿ ನಾಟಕಗಳ ಹಾಗೆ ಹಾಡು ತುಂಬಿದ ನಾಟಕಗಳ ಬೀದಿ. ಅಲ್ಲಿ ನಾಟಕ ಬರುತ್ತೆ, ಹೋಗುತ್ತೆ. ಕೆಲವು ಹಾಡು ಮಾತ್ರ ಬೇರೆ ಬೇರೆ ಗಾಯಕರ ಬಾಯಿಗೆ ಹತ್ತಿ ಉಳಿದುಬಿಡುತ್ತವೆ. ಅವನ್ನೇ ಅಲ್ಲಿ ‘ಸ್ಟ್ಯಾಂಡರ್ಡ್’ ಅನ್ನುತ್ತಾರೆ. ಒಂದು ಉದಾಹರಣೆ ಕೇಳಿ. 1932ರ ‘ಗೇ ಡೈವೋರ್ಸ್’ ನಾಟಕ 1934ರಲ್ಲಿ ಫ್ರೆಡ್ ಆಸ್ಟೇರ್, ಜಿಂಜರ್ ರೋಜರ್ಸ್ ಅವರ ಸಿನಿಮಾ ಆಯಿತು. ನಿರ್ಮಾಪಕರು ಪೋರ್ಟರನ ಹಾಡುಗಳನ್ನು ಕಿತ್ತೆಸೆದರು. ಉಳಿಸಿಕೊಂಡದ್ದು ‘ನೈಟ್ ಅಂಡ್ ಡೇ’ ಒಂದನ್ನೇ. ಇವತ್ತು ಆ ನಾಟಕ ಯಾರಿಗೆ ನೆನಪಿದೆ? ಹಾಡು ಮಾತ್ರ ಇನ್ನೂ ಜೀವಂತ!

ಅರಿಶಿನ ಕುಂಕುಮವಿಲ್ಲದ ಅಲಂಕಾರ

1956ರ ಫೆಬ್ರವರಿ, ಮಾರ್ಚ್ ತಿಂಗಳಲ್ಲಿ ಹಾಲಿವುಡ್ಡಿನಲ್ಲಿ ಧ್ವನಿಮುದ್ರಣ. ವಾದ್ಯ ಸಂಯೋಜಿಸಿದ ಬಡ್ಡಿ ಬ್ರೆಗ್‌ಮನ್‌ಗೆ ಆಗಿನ್ನೂ ಇಪ್ಪತ್ತೈದು ವರ್ಷ. ಅರ್ಥವಿಲ್ಲದ ಅಕ್ಷರಗಳಲ್ಲಿ ವಾದ್ಯದ ಹಾಗೆ ಸ್ವರ ಹಾರಿಸುವ ‘ಸ್ಕ್ಯಾಟ್’ ಹಾಡಿಕೆಯಲ್ಲಿ ಎಲ್ಲಾ ಮಹಾರಾಣಿ. ಆದರೆ ಇಲ್ಲಿ ಆ ಸರ್ಕಸ್ ಬಹುಮಟ್ಟಿಗೆ ಬದಿಗಿಟ್ಟರು. ಬರೆದ ರಾಗ, ಬರೆದ ಮಾತು, ನೆಟ್ಟಗೆ. ಎಷ್ಟೋ ಹಾಡುಗಳಲ್ಲಿ ಪಲ್ಲವಿಗೆ ಮುಂಚೆ ಬರುವ ಪೀಠಿಕೆಯ ಸಾಲುಗಳನ್ನು ಬೇರೆ ಗಾಯಕರು ನುಂಗಿಹಾಕುತ್ತಿದ್ದರು. ಈಕೆ ಅವನ್ನೂ ಹಾಡಿದರು. ನಾಟಕದಿಂದ ಕಿತ್ತು ತಂದ ಹಾಡಿಗೆ ಅದರ ಕತೆಯನ್ನು ವಾಪಸು ಕೊಟ್ಟ ಹಾಗಾಯಿತು.

‘ಮಿಸ್ ಓಟಿಸ್ ರಿಗ್ರೆಟ್ಸ್’ ಕೇಳಿ ನೋಡಿ. ಮೋಸ ಹೋದ ಹೆಣ್ಣೊಬ್ಬಳು ಪ್ರಿಯಕರನನ್ನು ಕೊಂದು, ಉದ್ರಿಕ್ತ ಗುಂಪಿನ ಕೈಗೆ ಸಿಕ್ಕು ನೇಣಿಗೆ ಬಲಿಯಾದ ಸುದ್ದಿಯನ್ನು ಮನೆಯ ಆಳು ವಿನಯವಾಗಿ ಹೇಳುವ ಹಾಡು. ವಾದ್ಯವೃಂದ ಮಾಯ. ಬರೀ ಪಿಯಾನೋ, ಬರೀ ಕಂಠ. ಅಳುವಿಲ್ಲ, ಚೀರಾಟವಿಲ್ಲ. ಅದಕ್ಕೇ ಮೈ ಜುಮ್ಮೆನ್ನುತ್ತದೆ.

ದೂರು ಇಲ್ಲವೇ? ಇದೆ. ‘ಲವ್ ಫಾರ್ ಸೇಲ್’ ಬೀದಿಯಲ್ಲಿ ಮೈ ಮಾರುವ ಹೆಣ್ಣಿನ ಹಾಡು. 1930ರಲ್ಲಿ ನಾಟಕದಲ್ಲಿ ಬಿಳಿಯ ನಟಿ ಹಾಡಿದಾಗ ಗದ್ದಲವೆದ್ದಿತು. ಆಮೇಲೆ ದೃಶ್ಯವನ್ನು ಹಾರ್ಲೆಮ್ಮಿಗೆ ಬದಲಾಯಿಸಿ ಕಪ್ಪು ಗಾಯಕಿ ಎಲಿಜಬೆತ್ ವೆಲ್ಚ್ ಬಾಯಲ್ಲಿ ಹಾಡಿಸಿದರು. ಗದ್ದಲ ತಣ್ಣಗಾಯಿತು! ಆ ಕಪ್ಪು ಹುಡುಗಿಯ ಪಾಡು ಅಂದರೆ ಯಾರಿಗೂ ನೋವಿಲ್ಲ ನೋಡಿ. ಅದೇ ಹಾರ್ಲೆಮ್ಮಿನ ಬೀದಿ ಕಂಡಿದ್ದ ಎಲ್ಲಾ ಈ ಹಾಡಿನಲ್ಲಿ ಕರುಳು ಹಿಂಡಬೇಕಿತ್ತು, ತೀರಾ ನಯವಾಗಿ ಹಾಡಿಬಿಟ್ಟರು ಅನ್ನುವವರಿದ್ದಾರೆ. ಬ್ರೆಗ್‌ಮನ್‌ನ ವಾದ್ಯಗಳೂ ಅಲ್ಲಲ್ಲಿ ಮಾಮೂಲು. ಆದರೂ ಈ ಬರಹಗಾರನ ಮಾತು ಕೇಳುವುದಾದರೆ, ಆ ನಯವೇ ಆಕೆಯ ಉತ್ತರ. ಅನುಕಂಪ ಬೇಡ, ಹಾಡು ಕೇಳಿ... ಅಂತ.

ಮುದ್ರಿಕೆ ಕೇಳಿದ ಪೋರ್ಟರ್ ಆಕೆಯ ಉಚ್ಚಾರಣೆಯನ್ನು ಮೆಚ್ಚಿಕೊಂಡನಂತೆ. ಮಾತು ಬರೆಯುವವನಿಗೆ ಅದಕ್ಕಿಂತ ಇನ್ನೇನು ಬೇಕು?

ಕೊನೆಯ ರೀಲು

ಜೋಡಿ ಪ್ಲೇಟು ಭರ್ಜರಿಯಾಗಿ ಮಾರಾಟವಾಯಿತು. ನನ್ನ ಬಾಳಿನ ತಿರುವು ಅದೇ ಎಂದು ಎಲ್ಲಾ ಮುಂದೆ ಹೇಳಿದರು. 1964ರವರೆಗೆ ಇಂಥ ಎಂಟು ಸಾಂಗ್ ಬುಕ್‌ಗಳು ಬಂದವು. 2003ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್, ದೇಶ ಕಾಪಾಡಿಕೊಳ್ಳಬೇಕಾದ ಧ್ವನಿಮುದ್ರಣಗಳ ಪಟ್ಟಿಗೆ ಈ ಮೊದಲನೆಯದನ್ನು ಸೇರಿಸಿತು.

ವಿಧಿಯ ಆಟ ನೋಡಿ. 1958ರಲ್ಲಿ ಪೋರ್ಟರನ ಬಲಗಾಲನ್ನು ಕತ್ತರಿಸಬೇಕಾಯಿತು. ಅಲ್ಲಿಗೆ ಅವನ ಹಾಡು ಬತ್ತಿತು. 1964ರಲ್ಲಿ ತೀರಿಕೊಂಡ. ಸಕ್ಕರೆ ಕಾಯಿಲೆಯಿಂದ 1993ರಲ್ಲಿ ಎಲ್ಲಾ ಫಿಟ್ಜೆರಾಲ್ಡರ ಎರಡೂ ಕಾಲು ಮಂಡಿಯ ಕೆಳಗೆ ಹೋದವು. 1996ರ ಜೂನ್ 15ರಂದು ಕಣ್ಣು ಮುಚ್ಚಿದರು.

ಕುಣಿಯಲು ಬಂದ ಹುಡುಗಿ ಅವತ್ತು ಹೆದರಿ ಕುಣಿಯಲಿಲ್ಲ. ಕಾಲಿಗೆ ಬರಬೇಕಾಗಿದ್ದ ಗೆಜ್ಜೆ ಗಂಟಲಿಗೆ ಬಂತು. ಪೋಸ್ಟರಿನಲ್ಲಿ ಮುಖ ನೋಡಿ ಟಿಕೆಟ್ ಕೊಳ್ಳುವ ನಾವು ಒಮ್ಮೆ ಕಣ್ಣು ಮುಚ್ಚಿ ಕೂತು ಆ ಮೂವತ್ತೆರಡು ಹಾಡು ಕೇಳಬೇಕು ಸ್ವಾಮಿ. ಮುಖ ಯಾಕೆ ಬೇಕಿತ್ತು ಅಂತ ನಮಗೇ ನಾಚಿಕೆಯಾಗುತ್ತೆ!