ವಿನಿಗರ್ ವಾಸನೆಯ ಚಿತ್ರಸುರುಳಿ

ಹಳೆಯ ಚಲನಚಿತ್ರದ ಡಬ್ಬಿ ತೆರೆದೊಡನೆ ವಿನಿಗರ್‌ನ ಘಾಟು ಮೂಗಿಗೆ ಬಡಿದರೆ ಒಳಗಿನ ಸುರುಳಿ ನಶಿಸತೊಡಗಿದೆ ಎಂದು ತಿಳಿಯಬೇಕು. ಜನಪ್ರಿಯ ಚಿತ್ರವಾದರೆ ಅದರ ನೆಗೆಟಿವ್ ಒಂದೆಡೆ, ಪ್ರತಿಗಳು ಹಲವೆಡೆ ಇರುವ ಸಂಭವವುಂಟು. ಪ್ರಾಯೋಗಿಕ ಚಿತ್ರಗಳ ಪಾಡು ಬೇರೆ. ಸ್ಟುಡಿಯೊಗಳ ಹೊರಗೆ, ಕೈಯಿಂದ ಹಣ ಹಾಕಿ, ಬಹುಪಾಲು 16 ಅಥವಾ 8 ಮಿ.ಮೀ. ಫಿಲ್ಮಿನಲ್ಲಿ ಒಬ್ಬಿಬ್ಬರೇ ತಯಾರಿಸಿದ ಚಿತ್ರಗಳಿವು. ಅನೇಕರು ಬಳಸಿದ್ದು ರಿವರ್ಸಲ್ ಫಿಲ್ಮ್. ಇದರಲ್ಲಿ ಕ್ಯಾಮೆರಾದೊಳಗೆ ಓಡಿದ ಪಟ್ಟಿಯೇ ಸಂಸ್ಕರಣೆಯ ನಂತರ ಪಾಸಿಟಿವ್ ಆಗುತ್ತದೆ. ನೆಗೆಟಿವ್ ಇರುವುದೇ ಇಲ್ಲ. ಪ್ರತಿ ತೆಗೆಯುವ ಮೊದಲೇ ಆ ಪಟ್ಟಿ ಹಾಳಾದರೆ ಚಿತ್ರವೇ ಹೋದಂತೆ. ಇಂಥ ಚಿತ್ರಗಳಿಗೆಂದೇ 1970ರಲ್ಲಿ ಜೋನಾಸ್ ಮೇಕಸ್ ಮತ್ತು ಸಂಗಡಿಗರು ನ್ಯೂಯಾರ್ಕಿನಲ್ಲಿ 'ಆಂಥಾಲಜಿ ಫಿಲ್ಮ್ ಆರ್ಕೈವ್ಸ್' ತೆರೆದರು.

ವಾಸನೆ ಎಲ್ಲಿಂದ? ಫಿಲ್ಮಿನ ಆಧಾರಪಟ್ಟಿ ಸೆಲ್ಯುಲೋಸ್ ಅಸಿಟೇಟ್. ಗಾಳಿಯ ತೇವದೊಂದಿಗೆ ಇದು ನಿಧಾನವಾಗಿ ಜಲವಿಚ್ಛೇದನೆಗೊಂಡು ಅಸಿಟಿಕ್ ಆಮ್ಲವನ್ನು ಬಿಡುಗಡೆ ಮಾಡುತ್ತದೆ. ಆಮ್ಲವಾದರೋ ಅದೇ ಕ್ರಿಯೆಗೆ ವೇಗವರ್ಧಕ! ಆದ್ದರಿಂದ ದಶಕಗಳ ಕಾಲ ಏನೂ ಆಗದಂತೆ ಕಾಣುವ ಸುರುಳಿ ಒಂದು ಹಂತದ ನಂತರ ಬೇಗಬೇಗನೆ ಕೆಡುತ್ತದೆ. ಮೂಗನ್ನು ನಂಬಿ ಕೂರುವಂತಿಲ್ಲ. ಆಮ್ಲಕ್ಕೆ ನೀಲಿಯಿಂದ ಹಸಿರು, ಹಸಿರಿನಿಂದ ಹಳದಿಗೆ ತಿರುಗುವ ಸೂಚಕ ಕಾಗದದ ಚೂರನ್ನು ಡಬ್ಬಿಯಲ್ಲಿಟ್ಟು ಪರೀಕ್ಷಿಸುತ್ತಾರೆ. ನಮ್ಮ ಲಿಟ್ಮಸ್‌ನ ಸೋದರನೆನ್ನಿ.

ಕೆಡುವ ಪಟ್ಟಿ ಕುಗ್ಗುತ್ತದೆ. 16 ಮಿ.ಮೀ. ಫಿಲ್ಮಿನಲ್ಲಿ ಒಂದು ರಂಧ್ರದಿಂದ ಮುಂದಿನದಕ್ಕೆ ಇರುವ ದೂರ 7.62 ಮಿ.ಮೀ. ಶೇಕಡ 1ರಷ್ಟು ಕುಗ್ಗಿದರೆ ವ್ಯತ್ಯಾಸ 0.08 ಮಿ.ಮೀ.ಗಿಂತಲೂ ಕಡಿಮೆ. ಆದರೆ ಹಲ್ಲುಚಕ್ರದ ಹಲವು ಹಲ್ಲುಗಳು ಒಟ್ಟಿಗೆ ಹಿಡಿಯುವಾಗ ಈ ಅಲ್ಪ ಅಂತರಗಳು ಕೂಡುತ್ತಾ ಹೋಗಿ ರಂಧ್ರಗಳು ಹರಿಯುತ್ತವೆ.

ಕೆಟ್ಟದ್ದನ್ನು ಮರಳಿ ಸರಿಪಡಿಸಲಾಗದು, ಕ್ರಿಯೆಯನ್ನು ನಿಧಾನಿಸಬಹುದು. ತರಗತಿಯಲ್ಲಿ ಒಣ ಸೂತ್ರವೆನಿಸುವ ಅರ್ಹೀನಿಯಸ್ ಸಮೀಕರಣಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗಲಾರದು. ಕೋಣೆಯ ಉಷ್ಣತೆಯ ಆಸುಪಾಸಿನಲ್ಲಿ ಪ್ರತಿ 5–6 ಡಿಗ್ರಿ ಸೆಲ್ಸಿಯಸ್ ಇಳಿಕೆಗೆ ಈ ಕ್ರಿಯೆಯ ವೇಗ ಸುಮಾರು ಅರ್ಧವಾಗುತ್ತದೆ. 21 ಡಿಗ್ರಿಯ ಕೊಠಡಿಯಿಂದ 4 ಡಿಗ್ರಿಯ ಶೀತಗೃಹಕ್ಕೆ ಸಾಗಿಸಿದರೆ ಆಯುಷ್ಯ ಸುಮಾರು ಎಂಟು ಪಟ್ಟು! ಬಣ್ಣಕಗಳು ಮಾಸುವುದೂ ತಡವಾಗುತ್ತದೆ. ಹೊರತೆಗೆಯುವಾಗ ಮಾತ್ರ ಅವಸರ ಸಲ್ಲದು. ತಣ್ಣನೆಯ ಫಿಲ್ಮಿನ ಮೇಲೆ ಹಬೆ ಸಾಂದ್ರೀಕರಿಸದಂತೆ, ಡಬ್ಬಿ ಕೋಣೆಯ ಉಷ್ಣತೆಗೆ ಬರುವವರೆಗೆ ಮುಚ್ಚಿಯೇ ಇಡಬೇಕು.

ಸಮಯ ಗಳಿಸಿದ ಮೇಲಿನ ಕೆಲಸ ಪ್ರತಿ ತೆಗೆಯುವುದು. ಇಲ್ಲಿ ಪ್ರಾಯೋಗಿಕ ಚಿತ್ರ ಇನ್ನೊಂದು ತೊಡಕನ್ನು ಒಡ್ಡುತ್ತದೆ. ಅಮೆರಿಕದ ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ 'ಮಾಥ್‌ಲೈಟ್' ತಯಾರಿಸಿದಾಗ ಕ್ಯಾಮೆರಾ ಮುಟ್ಟಲೇ ಇಲ್ಲ. ಪತಂಗಗಳ ರೆಕ್ಕೆ, ಎಲೆ, ಹುಲ್ಲುಗಳನ್ನು ಎರಡು ಪಾರದರ್ಶಕ ಅಂಟುಪಟ್ಟಿಗಳ ನಡುವೆ ಒತ್ತಿ, ಅದರಿಂದ ಪ್ರತಿ ಮುದ್ರಿಸಿದರು. ಮುದ್ರಣದಲ್ಲಿ ಉಳಿಯುವುದು ಬೆಳಕು ಹಾಯ್ದ ಚಿತ್ರ ಮಾತ್ರ, ರೆಕ್ಕೆಯ ದಪ್ಪವಲ್ಲ. ನನ್ನ ಮಟ್ಟಿಗೆ, ಅಂಟುಪಟ್ಟಿ ಮತ್ತು ಪ್ರತಿ ಎರಡನ್ನೂ ಉಳಿಸಲೇಬೇಕು.

ತಮ್ಮ ಹೆಸರನ್ನೂ ಬ್ರಾಕೇಜ್ ಫಿಲ್ಮಿನ ಮೇಲೆ ಗೀಚಿಯೇ ಬರೆಯುತ್ತಿದ್ದರು. ಗೀರು, ಧೂಳುಗಳನ್ನು ತಾನಾಗಿ ಅಳಿಸುವ ಕಂಪ್ಯೂಟರ್ ತಂತ್ರಾಂಶಕ್ಕೆ ಕಲಾವಿದನ ಗೀರು ಯಾವುದು, ಕಾಲದ ಗೀರು ಯಾವುದು ಎಂದು ತಿಳಿಯದು. ಅದನ್ನು ನಿಲ್ಲಿಸಿ ಮನುಷ್ಯರೇ ಕೂತು ನೋಡಬೇಕು. ಸೆಕೆಂಡಿಗೆ 24ರಂತೆ, ಹತ್ತು ನಿಮಿಷದ ಚಿತ್ರಕ್ಕೆ 14,400 ಚೌಕಟ್ಟುಗಳು.