ಬೆಳಗಿನ ಜಾವದ ಎದೆನೋವು

ತೋಟದ ಏರು ಹತ್ತುವಾಗ ಎದೆ ಹಿಡಿದುಕೊಂಡರೆ ಅದು ಹೃದಯದ ತೊಂದರೆ ಇರಬಹುದೆಂದು ಈಗ ನಮ್ಮಲ್ಲಿ ಎಲ್ಲರಿಗೂ ಗೊತ್ತು. ಆದರೆ ಹಗಲೆಲ್ಲ ಗೊಬ್ಬರದ ಮೂಟೆ ಹೊತ್ತರೂ ಏನೂ ಆಗದ ಮನುಷ್ಯನಿಗೆ, ಬೆಳಗಿನ ಜಾವ ಹಾಸಿಗೆಯಲ್ಲಿ ಮಲಗಿದ್ದಾಗ ಎದೆ ಹಿಂಡಿದಂತಾದರೆ? "ವಾಯು ಇರಬೇಕು, ರಾತ್ರಿ ಗೆಣಸು ತಿಂದದ್ದು ಹೆಚ್ಚಾಯಿತು" ಎಂದು ಓಮದ ಕಷಾಯ ಕುಡಿದು ಸುಮ್ಮನಾಗುವವರೇ ಹೆಚ್ಚು.

ನಮ್ಮ ನೆರೆಯ ಬೆಳೆಗಾರರೊಬ್ಬರೂ ಹಾಗೆಯೇ ಮಾಡಿದರು. ಐವತ್ತರ ಒಳಗಿನ ವಯಸ್ಸು, ನಾಲ್ಕು ಎಕರೆ ಕಾಫಿ, ಒಂದೆಕರೆ ಅಡಿಕೆ, ದಿನಕ್ಕೊಂದು ಕಟ್ಟು ಬೀಡಿ. ಕೊಯ್ಲಿನ ಚಳಿಯಲ್ಲಿ ವಾರಕ್ಕೆ ಎರಡು ಮೂರು ಸಲ ನಾಲ್ಕು ಗಂಟೆಗೆ ನೋವಿನಿಂದ ಎದ್ದು ಕೂರುತ್ತಿದ್ದರು. ಹತ್ತು ನಿಮಿಷ ಬೆವರು, ಎಡಗೈ ಜೋಮು. ಆಮೇಲೆ ಏನೂ ಇಲ್ಲ. ಹತ್ತು ಗಂಟೆಯ ಬಸ್ಸಿಗೆ ಪೇಟೆಗೆ ಹೋಗಿ ಇ.ಸಿ.ಜಿ. ತೆಗೆಸಿದರೆ ಸರಿಯಾಗಿಯೇ ಬಂತು. ಟ್ರೆಡ್‌ಮಿಲ್ ಮೇಲೆ ಓಡಿಸಿದರು, ಅದೂ ಸರಿ. ಗ್ಯಾಸಿನ ಮಾತ್ರೆ ಕೊಟ್ಟು ಕಳಿಸಿದರು. ಮೂರನೆಯ ತಿಂಗಳು ನೋವಿನ ನಡುವೆಯೇ ಪ್ರಜ್ಞೆ ತಪ್ಪಿತು.

ಹೃದಯದ ಸ್ನಾಯುವಿಗೆ ರಕ್ತ ಒಯ್ಯುವ ಕೊರೊನರಿ ನಾಳಗಳಲ್ಲಿ ಕೊಬ್ಬು ಕಟ್ಟಿ ದಾರಿ ಕಿರಿದಾಗುವುದು ಸಾಮಾನ್ಯ ಕಾಯಿಲೆ. ಇವರದು ಬೇರೆ. ಹೂಮಳೆ ಬಾರದ ವರ್ಷ ಸ್ಪ್ರಿಂಕ್ಲರ್ ಹಾಕುವವರಿಗೆ ಇದು ಸುಲಭವಾಗಿ ತಿಳಿಯುತ್ತದೆ. ಪೈಪಿನಲ್ಲಿ ಹೂಳು ತುಂಬಿದರೆ ಯಾವಾಗ ಬಿಚ್ಚಿ ನೋಡಿದರೂ ಕಾಣುತ್ತದೆ. ರಬ್ಬರ್ ಪೈಪನ್ನು ಯಾರೋ ಮೆಟ್ಟಿ ನಿಂತರೂ ನೀರು ನಿಲ್ಲುತ್ತದೆ. ಕಾಲು ತೆಗೆದ ಮೇಲೆ ಹುಡುಕಿದರೆ ಪೈಪಿನಲ್ಲಿ ಏನೂ ಇಲ್ಲ. ನಾಳದ ಗೋಡೆಯಲ್ಲಿರುವ ಸ್ನಾಯು ಇದ್ದಕ್ಕಿದ್ದಂತೆ ಬಿಗಿದು ರಕ್ತವನ್ನು ಕೆಲವು ನಿಮಿಷ ತಡೆಯುತ್ತದೆ, ಮತ್ತೆ ಸಡಿಲಾಗುತ್ತದೆ. ನೋವಿನ ಹೊತ್ತಿನಲ್ಲಿ ಇ.ಸಿ.ಜಿ. ತೆಗೆದರೆ ಗೆರೆ ಸ್ಪಷ್ಟವಾಗಿ ಮೇಲೇಳುತ್ತದೆ. ನೋವು ಹೋದ ಮೇಲೆ ಅದೂ ಇಳಿದಿರುತ್ತದೆ.

1959ರಲ್ಲಿ ಅಮೆರಿಕದ ಲಾಸ್ ಏಂಜಲೀಸ್‌ನ ಡಾ. ಮೈರನ್ ಪ್ರಿಂಜ್‌ಮೆಟಲ್ ಮತ್ತು ಸಂಗಡಿಗರು ಇದನ್ನು ಬೇರೆಯೇ ಬಗೆಯ ನೋವೆಂದು ವಿವರಿಸಿದರು. ಅವರ ಹೆಸರೇ ಕಾಯಿಲೆಗೆ ನಿಂತಿತು. 1970ರ ದಶಕದಲ್ಲಿ ಇಟಲಿಯ ಪೀಸಾದಲ್ಲಿ ಡಾ. ಅಟ್ಟೀಲಿಯೊ ಮಸೇರಿಯವರ ತಂಡ, ನೋವಿರುವಾಗಲೇ ಆಂಜಿಯೋಗ್ರಾಮ್ ಮಾಡಿ ನಾಳ ಬಿಗಿದುಕೊಂಡದ್ದನ್ನು ತೋರಿಸಿತು. ನನಗೆ ಹೆಚ್ಚು ಹಿಡಿಸಿದ್ದು ಜಪಾನಿನ ಡಾ. ಯಾಸುಯೆ ಅವರು 1979ರಲ್ಲಿ ಪ್ರಕಟಿಸಿದ ಪರೀಕ್ಷೆ. ಇಂತಹ 13 ರೋಗಿಗಳನ್ನು ಬೆಳಗಿನ ಜಾವ ಟ್ರೆಡ್‌ಮಿಲ್ ಹತ್ತಿಸಿದಾಗ ಎಲ್ಲರಿಗೂ ನೋವು ಬಂತು; ಅದೇ ಜನರನ್ನು ಮಧ್ಯಾಹ್ನ ಹತ್ತಿಸಿದರೆ ಇಬ್ಬರಿಗೆ ಮಾತ್ರ. ನಮ್ಮ ನೆರೆಯವರನ್ನು ಓಡಿಸಿದ್ದು ಮಧ್ಯಾಹ್ನ ಹನ್ನೆರಡಕ್ಕೆ!

ಎರಡನೆಯ ಡಾಕ್ಟರಿಗೆ ಸುಳಿವು ಕೊಟ್ಟದ್ದು ಒಂದು ಮಳೆ ಲೆಕ್ಕದ ಪುಸ್ತಕ. ಇಂಚು ಸೆಂಟು ಬರೆಯುವ ಪುಟದ ಅಂಚಿನಲ್ಲಿ ಇವರು ನೋವು ಬಂದ ಹೊತ್ತನ್ನೂ ಗುರುತು ಹಾಕಿದ್ದರು: 4-10, 3-50, 4-30. ಡಾಕ್ಟರು ರಾತ್ರಿ ಆಸ್ಪತ್ರೆಯಲ್ಲೇ ಇರಿಸಿಕೊಂಡು, 24 ಗಂಟೆ ಇ.ಸಿ.ಜಿ. ದಾಖಲಿಸುವ ಹೋಲ್ಟರ್ ಯಂತ್ರ ಕಟ್ಟಿದರು. ಬೆಳಗಿನ ಜಾವ ನೋವು ಬಂತು, ಗೆರೆಯೂ ಎದ್ದಿತು.

ಬೀಡಿ, ಸಿಗರೇಟು ಈ ಕಾಯಿಲೆಯ ದೊಡ್ಡ ಒತ್ತಾಸೆ. ಚಳಿ, ಮದ್ಯ, ಮನಸ್ಸಿನ ತಳಮಳವೂ ಸೇರುತ್ತವೆ. ಅಡಿಕೆ ಬೆಳೆಗಾರರ ಪತ್ರಿಕೆಯಲ್ಲಿ ಬರೆಯಲು ಇರಸುಮುರುಸಾಗುವ ಮಾತೊಂದಿದೆ. ನಾಳ ಸೆಳೆತಕ್ಕೊಳಗಾಗುವುದೇ ಎಂದು ಪರೀಕ್ಷಿಸಲು ದೊಡ್ಡ ಆಸ್ಪತ್ರೆಗಳಲ್ಲಿ ಅಸಿಟೈಲ್‌ಕೊಲಿನ್ ಎಂಬ ವಸ್ತುವನ್ನು ನಾಳಕ್ಕೆ ಕೊಡುತ್ತಾರೆ. ಅಡಿಕೆಯಲ್ಲಿರುವ ಅರೆಕೊಲಿನ್ ದೇಹದಲ್ಲಿ ಅದನ್ನು ಹೋಲುವ ಕೆಲಸ ಮಾಡುತ್ತದೆ. ಅಡಿಕೆ ಜಗಿದ ಬೆನ್ನಿಗೇ ಹೃದಯಾಘಾತವಾದ ಪ್ರಕರಣಗಳನ್ನು ತೈವಾನಿನ ವೈದ್ಯರು ವರದಿ ಮಾಡಿದ್ದಾರೆ. ಈ ಕಾಯಿಲೆ ಇದ್ದವರು ಕವಳ ಬಿಡುವುದೇ ಲೇಸೆಂದು ನನ್ನ ಅಭಿಪ್ರಾಯ. ಅವರು ಬೆಳೆದದ್ದನ್ನು ಮಾರಲಿ.

ಔಷಧವೇನೋ ಇದೆ. ಡಿಲ್ಟಿಯಾಜೆಮ್, ನಿಫೆಡಿಪಿನ್, ಅಮ್ಲೋಡಿಪಿನ್‌ನಂತಹ ಮಾತ್ರೆಗಳು ನಾಳವನ್ನು ಸಡಿಲವಾಗಿಡುತ್ತವೆ. ನೋವು ಕಡಿಮೆಯಾಯಿತೆಂದು ಇವನ್ನು ತಾವಾಗಿ ಒಮ್ಮೆಲೇ ನಿಲ್ಲಿಸಬಾರದು, ಸೆಳೆತ ಮರುಕಳಿಸೀತು. ರಕ್ತದೊತ್ತಡಕ್ಕೋ ಕೈನಡುಕಕ್ಕೋ ಕೊಡುವ ಪ್ರೊಪ್ರನೊಲಾಲ್ ಈ ಸೆಳೆತವನ್ನು ಹೆಚ್ಚಿಸಬಲ್ಲದು. ಆದ್ದರಿಂದ ನುಂಗುತ್ತಿರುವ ಎಲ್ಲ ಮಾತ್ರೆಗಳ ಹೆಸರನ್ನೂ ಡಾಕ್ಟರಿಗೆ ಹೇಳಿ. ನಾಲಿಗೆಯ ಕೆಳಗಿಡುವ ನೈಟ್ರೋಗ್ಲಿಸರಿನ್ ಮಾತ್ರೆ ಬರೆದುಕೊಟ್ಟಿದ್ದರೆ ಕುಳಿತೇ ತೆಗೆದುಕೊಳ್ಳಿ, ತಲೆ ಸುತ್ತುವುದುಂಟು. ಅದನ್ನು ಅದರದೇ ಸೀಸೆಯಲ್ಲಿಡಿ. ಅಂಗಿಯ ಜೇಬಿನಲ್ಲಿ ಕಾಗದ ಸುತ್ತಿಟ್ಟರೆ ಸತ್ವ ಹೋಗುತ್ತದೆ.

ಇದು ಸೆಳೆತವೋ ನಿಜವಾದ ಹೃದಯಾಘಾತವೋ ಎಂದು ಮನೆಯಲ್ಲಿ ಕುಳಿತು ತಿಳಿಯಲಾಗದು. ಸೆಳೆತ ಬಿಡದಿದ್ದರೆ ಅದೇ ಆಘಾತವಾಗುತ್ತದೆ. ಬಡಿತದ ಲಯ ತಪ್ಪಿ ಜೀವ ಹೋಗುವುದೂ ಉಂಟು. ಐದು ನಿಮಿಷದಲ್ಲಿ ನೋವು ಇಳಿಯದಿದ್ದರೆ 108ಕ್ಕೆ ಫೋನು ಮಾಡಿ. ಗಾಡಿ ಬರಲಾಗದ ರಸ್ತೆಯಾದರೆ ಪಕ್ಕದ ಮನೆಯ ಜೀಪಿನವರನ್ನು ಎಬ್ಬಿಸಿ, ಸಂಕೋಚ ಬೇಡ. ಮೊದಲ ಸಲದ ನೋವಾದರೆ ಐದು ನಿಮಿಷವೂ ಕಾಯಬೇಡಿ. ಹೊರಡುವಾಗ ನೋವಿನ್ನೂ ಇದ್ದರೆ ಇ.ಸಿ.ಜಿ.ಗೆ ಅದೇ ಒಳ್ಳೆಯ ಹೊತ್ತು.

ನಮ್ಮ ನೆರೆಯವರು ಬೀಡಿ ಬಿಟ್ಟು ಒಂದು ಮಳೆಗಾಲ ಕಳೆಯಿತು. ರಾತ್ರಿಯ ಮಾತ್ರೆ ತಪ್ಪಿಸುವುದಿಲ್ಲ. ಮೊನ್ನೆ ಸೊಸೈಟಿಗೆ ಬಂದಾಗ ಮಳೆ ಪುಸ್ತಕ ತೋರಿಸಿದರು. ಅಂಚಿನಲ್ಲಿ ಜೂನ್ ತಿಂಗಳಲ್ಲಿ ಒಂದೇ ಒಂದು ಗುರುತು ಇತ್ತು, ಅದರಾಚೆ ಬರೀ ಮಳೆ.